ಆರು ಬುರುಡೆಗೆ ನೀರು

ನಮ್ಮ ವಿಭಾಗದಲ್ಲಿ ಗಾಜು ತೊಳೆಯುವವಳ ಬಗ್ಗೆ ಬರೆಯುತ್ತೇನೆ ಎಂದಾಗ ನನ್ನ ಹೆಂಡತಿ ನಕ್ಕಳು. "ನಿಮಗೆ ಬರೆಯೋಕೆ ಬೇರೆ ಯಾರೂ ಸಿಗಲಿಲ್ವಾ?" ಎಂದಳು. ಸಿಗುತ್ತಾರೆ, ಯಾಕೆ ಸಿಗುವುದಿಲ್ಲ? ಮೂವತ್ತೊಂದು ವರ್ಷ ರಸಾಯನಶಾಸ್ತ್ರ ವಿಭಾಗದ ಸ್ಟೋರ್ ಕೀಪರ್ ಆಗಿ ಕೂತವನು ನಾನು. ದೊಡ್ಡವರು ಎನ್ನಿಸಿಕೊಂಡವರನ್ನು ರಾಶಿ ರಾಶಿ ನೋಡಿದ್ದೇನೆ. ತಾನು ಒಡೆದ ಬೀಕರಿಗೆ ಪಕ್ಕದವನ ಹೆಸರು ಬರೆಸಿದ ವಿಜ್ಞಾನಿಗಳೂ ಅದರಲ್ಲಿದ್ದಾರೆ. "ನಾನೇ ಕೆಡಿಸಿದೆ" ಎಂದು ತಾನಾಗಿ ಹೋಗಿ ಹೇಳಿದವಳು ಒಬ್ಬಳೇ. ಅವಳು ಹೇಳದೇ ಇದ್ದಿದ್ದರೆ ಚೆನ್ನಾಗಿತ್ತು ಎಂದು ಇವತ್ತಿಗೂ ನನಗೆ ಒಮ್ಮೊಮ್ಮೆ ಅನ್ನಿಸುತ್ತದೆ. ನನ್ನ ಸಂಕಟ ಇರುವುದೇ ಅಲ್ಲಿ.

ಅವಳನ್ನು ಎಲ್ಲರೂ ಗಾಜಕ್ಕ ಎಂದೇ ಕರೆಯುವುದು. ನನಗಿಂತ ಎರಡು ವರ್ಷ ಚಿಕ್ಕವಳು, ಆದರೂ ನನಗೂ ಅಕ್ಕನೇ. ನಾನು ಸೇರಿದ ಮರುವರ್ಷ ಬಂದಳು. ಬಂದ ಮೊದಲ ವಾರವೇ ಒಬ್ಬ ಸಂಶೋಧಕನಿಗೆ ಮುಖ ಕೆಂಪಾಗುವಂತೆ ಬೈದಿದ್ದಳು. ಆತ ತಾನೇ ಅವಸರದಲ್ಲಿ ತೊಳೆದ ಜಾರನ್ನು ಕಿಟಕಿ ಬೆಳಕಿಗೆ ಹಿಡಿದು, "ಏನಪ್ಪಾ, ಇದನ್ನ ನೀನು ತೊಳೆದ್ಯಾ, ಸಮಾಧಾನ ಮಾಡಿದ್ಯಾ?" ಎಂದು ಕೇಳಿದ್ದಳು.

ಗಾಜು ಶುದ್ಧವಾಗಿದೆಯೇ ಎಂದು ನೋಡಲು ಅವಳದೊಂದು ಕ್ರಮವಿತ್ತು. ಸೋಪು ಹಚ್ಚಿ ಉಜ್ಜಿ, ನಲ್ಲಿ ನೀರಲ್ಲಿ ಮೂರು ಸಲ, ಬಟ್ಟಿ ಇಳಿಸಿದ ನೀರಲ್ಲಿ ಮೂರು ಸಲ. ಆಮೇಲೆ ಬೋರಲು ಹಾಕಿ ನೋಡುವುದು. ನೀರು ಒಂದೇ ಹಾಳೆಯಾಗಿ ಇಳಿದುಹೋದರೆ ಶುದ್ಧ. ಎಲ್ಲಾದರೂ ಒಂದು ಹನಿ ಮುತ್ತಿನಂತೆ ಅಂಟಿ ನಿಂತರೆ ಅಲ್ಲಿ ಜಿಡ್ಡಿದೆ ಎಂದು ಲೆಕ್ಕ. ಆಗ ಮತ್ತೆ ಮೊದಲಿಂದ. ಒಂದು ಹನಿಗಾಗಿ ನಾಲ್ಕು ಸಲ ತೊಳೆದದ್ದನ್ನು ಕಣ್ಣಾರೆ ಕಂಡಿದ್ದೇನೆ. "ಯಾರಿಗೆ ಗೊತ್ತಾಗುತ್ತೆ ಬಿಡು" ಎಂದರೆ, "ನನಗೆ ಗೊತ್ತಾಯ್ತಲ್ಲ" ಎನ್ನುತ್ತಿದ್ದಳು.

ಸಣ್ಣ ಕೊಳವೆಗಳು ಕಟ್ಟಿಕೊಂಡರೆ ಬಾಯಿಟ್ಟು ಊದುತ್ತಿದ್ದಳು. ತೊಳೆಯುವ ಕೆಲಸದವರೆಲ್ಲ ಹಾಗೇ ಮಾಡುವುದು. ಒಂದು ಸಲ ಫೂ ಎಂದರೆ ಒಳಗಿನ ಕಸ ಹಾರಿಹೋಗುತ್ತದೆ, ಆಮೇಲೆ ಹೇಗೂ ಮೂರು ನೀರು ಕಾಣಿಸುವುದು ಇದ್ದೇ ಇರುತ್ತದಲ್ಲ. ಈ ಮಾತು ನೆನಪಿರಲಿ.

ಅವಳ ಗಂಡ ದರ್ಜಿ. ಮನೆ ಎಂದರೆ ಸೈಕಲ್ ರಿಪೇರಿ ಅಂಗಡಿಯ ಮೇಲಿನ ಎರಡು ಕೋಣೆ. ಮುಂದಿನ ಕೋಣೆಯಲ್ಲಿ ಹೊಲಿಗೆ ಮಿಷನ್ನು, ಒಳಗಿನದರಲ್ಲಿ ಒಲೆ, ಮಂಚ ಮತ್ತು ಸಾಲಾಗಿ ಬೋರಲು ಹಾಕಿದ ಲೋಟಗಳು. ಆ ಲೋಟಗಳನ್ನು ನೋಡಿದರೆ ನೀರು ಕುಡಿಯಲು ಹೆದರಿಕೆ ಆಗಬೇಕು, ಅಷ್ಟು ಥಳಥಳ. ಮಕ್ಕಳಿಲ್ಲ. ಮೂರು ಸಲ ಬಸಿರಾಗಿ ಮೂರು ಸಲವೂ ಹೋಯಿತು. ಕೊನೆಯದು ಆರನೇ ತಿಂಗಳಲ್ಲಿ. ಹನ್ನೆರಡು ದಿನ ರಜೆ ಹಾಕಿ ಹದಿಮೂರನೇ ದಿನ ಬಂದು, ಸಿಂಕಿನಲ್ಲಿ ಗುಡ್ಡೆ ಬಿದ್ದಿದ್ದ ಗಾಜನ್ನೆಲ್ಲ ಒಂದೂ ಮಾತಾಡದೆ ತೊಳೆದು ಮುಗಿಸಿದಳು. ನಾನು ಬಾಗಿಲ ಹತ್ತಿರ ನಿಂತು ಏನಾದರೂ ಹೇಳಬೇಕು ಎಂದುಕೊಂಡೆ, ಸ್ಟೋರಿನಿಂದ ಹೊಸ ಸೋಪು ತಂದು ಸಿಂಕಿನ ಪಕ್ಕ ಇಟ್ಟು ಬಂದೆ.

ಅದಾದ ಎರಡು ತಿಂಗಳಿಗೆ ಮೇಷ್ಟ್ರು ತಮ್ಮ ಏಳು ಗಾಜಿನ ಬುರುಡೆಗಳ ಪ್ರಯೋಗ ಶುರು ಮಾಡಿದರು.

ಮೇಷ್ಟ್ರು ನಮ್ಮ ವಿಭಾಗದ ಹಿರಿಯ ಪ್ರಾಧ್ಯಾಪಕರು. ಹುಡುಗರು ಹಿಂದಿನಿಂದ ಬುರುಡೆ ಮೇಷ್ಟ್ರು ಎನ್ನುತ್ತಿದ್ದರು. ಗಾಜಿನ ಬುರುಡೆಗಳನ್ನು ಇಟ್ಟುಕೊಂಡಿದ್ದರು ಎಂಬುದು ನಿಜ, ಉಳಿದ ಅರ್ಥ ತುಂಟತನದ್ದು. ಅವರಿಗೂ ಅದು ಗೊತ್ತಿತ್ತು, ಕೇಳಿ ನಗುತ್ತಿದ್ದರು. ಅವರ ಪ್ರಶ್ನೆ ಒಂದೇ. ಜೀವ ಇಲ್ಲದ್ದರಿಂದ ಜೀವ ಹೇಗೆ ಬಂತು?

ನನ್ನಂಥ ದಡ್ಡನಿಗೂ ತಿಳಿಯುವಂತೆ ಒಂದು ದಿನ ಸ್ಟೋರಿನ ಕೌಂಟರಿಗೆ ಒರಗಿ ಹೇಳಿದ್ದರು. ಭೂಮಿ ಹೊಸದಾಗಿದ್ದಾಗ ಹುಲ್ಲಿಲ್ಲ, ಹುಳವಿಲ್ಲ, ಬೂಷ್ಟು ಕೂಡ ಇಲ್ಲ. ಇದ್ದದ್ದು ಕಲ್ಲು, ನೀರು, ನಾವು ಉಸಿರಾಡಲಾಗದ ಗಾಳಿ. ಕಲ್ಲಿನ ಗುಂಡಿಗಳಲ್ಲಿ ನೀರು ನಿಲ್ಲುತ್ತಿತ್ತು, ಬಿಸಿಲಿಗೆ ಒಣಗುತ್ತಿತ್ತು, ಮಳೆ ಬಂದರೆ ಮತ್ತೆ ತುಂಬುತ್ತಿತ್ತು. ಒಣಗುವಾಗ ಅದರಲ್ಲಿದ್ದ ಸಣ್ಣ ಸಣ್ಣ ಕಣಗಳು ಹತ್ತಿರ ಬಂದು ಅಂಟಿಕೊಳ್ಳುತ್ತವೆ. ನೆನೆದಾಗ ಓಡಾಡುತ್ತವೆ. ಮತ್ತೆ ಒಣಗಿದಾಗ ಇನ್ನೂ ಒಂದು ಅಂಟಿಕೊಂಡು ಸರ ಉದ್ದವಾಗುತ್ತದೆ. ಹೀಗೇ ಲೆಕ್ಕವಿಲ್ಲದಷ್ಟು ಸಲ. ಯಾವಾಗಲೋ ಒಂದು ಸರ ತನ್ನಂಥದ್ದೇ ಇನ್ನೊಂದನ್ನು ಮಾಡಿಕೊಂಡಿರಬೇಕು, ಅಲ್ಲಿಂದ ಮುಂದಕ್ಕೆ ಮರ, ಮೀನು, ನಾನು, ನೀವು.

"ಅಷ್ಟು ಕೋಟಿ ವರ್ಷದ ಕೆಲಸಾನ ರಿಟೈರ್ ಆಗೋದ್ರೊಳಗೆ ಮುಗಿಸ್ತೀರಾ ಸಾರ್?" ಎಂದು ಕೇಳಿದೆ.

"ಮುಗಿಸೋದು ಯಾರಿಗೆ ಬೇಕಯ್ಯಾ. ಶುರು ಆಗೋದನ್ನ ನೋಡಿದ್ರೆ ಸಾಕು" ಎಂದರು.

ಅವರ ಏರ್ಪಾಡು ಇಷ್ಟು. ಏಳು ದುಂಡು ಬುರುಡೆಗಳು, ಪ್ರತಿಯೊಂದರಲ್ಲೂ ಒಂದು ಚಮಚ ಮಣ್ಣು, ಒಂದಿಷ್ಟು ನೀರು, ಆ ಹಳೆಯ ಕಾಲದಲ್ಲಿದ್ದಂಥ ಗಾಳಿ. ಆರಕ್ಕೆ ಆರು ಬಗೆಯ ಜೇಡಿಮಣ್ಣು. ಏಳನೆಯದಕ್ಕೆ ಮಾತ್ರ ಆಕಾಶದಿಂದ ಬಿದ್ದ ಕಲ್ಲಿನ ಪುಡಿ, ಭೂಮಿಗಿಂತ ಹಳೆಯದಂತೆ. ಬೆಳಿಗ್ಗೆ ಒಂಬತ್ತಕ್ಕೆ ಕೆಳಗಿನ ಬಿಸಿ ತಟ್ಟೆಯ ಸ್ವಿಚ್ಚು ಹಾಕಬೇಕು. ನೀರು ಆವಿಯಾಗಿ, ಸಪೂರ ಕೊಳವೆಯ ಮೂಲಕ ಪಕ್ಕದ ತಣ್ಣನೆಯ ಪುಟ್ಟ ಬುರುಡೆಗೆ ಹೋಗಿ ಮತ್ತೆ ನೀರಾಗಿ ಕೂರುತ್ತದೆ. ಸಂಜೆಗೆ ಮಣ್ಣು ಒಣಗಿರುತ್ತದೆ. ಐದೂವರೆಗೆ ಸ್ವಿಚ್ಚು ತೆಗೆದು, ಗಾಜಿನ ನಲ್ಲಿ ತಿರುಗಿಸಿ ಅದೇ ನೀರನ್ನು ವಾಪಸ್ಸು ಬಿಡಬೇಕು. ಆಮೇಲೆ ಪುಸ್ತಕದಲ್ಲಿ ಬರೆಯಬೇಕು: ತಾರೀಖು, ಹೊತ್ತು, ಎಷ್ಟು ಬುರುಡೆ, ಬರೆದವರ ಸಹಿ. ಹೊರಗಿನ ಗಾಳಿಯ ಸೋಂಕು ತಗಲುವಂತಿಲ್ಲ. ವರ್ಷಕ್ಕೊಮ್ಮೆ ಸ್ಯಾಂಪಲ್ ತೆಗೆಯಲು ಪಕ್ಕದಲ್ಲೊಂದು ಗಾಜಿನ ಮುಚ್ಚಳವಿತ್ತು. ಅದನ್ನು ಮೇಷ್ಟ್ರು ಸೋಂಕು ತಗಲದಂತೆ ಪಕ್ಕದಲ್ಲಿ ಬೆಂಕಿ ಉರಿಸಿಟ್ಟುಕೊಂಡು ಉಸಿರು ಬಿಗಿಹಿಡಿದು ತೆರೆಯುತ್ತಿದ್ದರು.

ಈ ಒಣಗಿಸಿ ನೆನೆಸುವ ಕೆಲಸವನ್ನು ಅವರು ಗಾಜಕ್ಕನಿಗೆ ವಹಿಸಿದರು. ಸಂಶೋಧಕರಿದ್ದರಲ್ಲ, ಅವಳಿಗೇ ಯಾಕೆ? ನಾನೂ ಕೇಳಿದೆ. "ಅವರಿಗೆ ಬುದ್ಧಿ ಇದೆ, ಅದಕ್ಕೇ ಭಯ. ಏನಾದ್ರೂ ಹೊಸದು ಮಾಡೋಣ ಅಂತ ಕೈ ಹಾಕ್ತಾರೆ. ಈಕೆ ಹೇಳಿದಷ್ಟೇ ಮಾಡ್ತಾಳೆ, ಹೇಳಿದಷ್ಟೂ ಮಾಡ್ತಾಳೆ" ಎಂದರು.

ಹತ್ತೊಂಬತ್ತು ವರ್ಷ ಮಾಡಿದಳು. ಭಾನುವಾರವೂ ಬಂದಳು. ಜ್ವರ ಬಂದ ದಿನ ಗಂಡನ ಸೈಕಲ್ಲಿನ ಹಿಂದೆ ಕೂತು, ತಲೆಗೆ ಟವಲು ಸುತ್ತಿಕೊಂಡು ಬಂದು ಸ್ವಿಚ್ಚು ಹಾಕಿ, ಮೆಟ್ಟಿಲ ಮೇಲೆ ಮಲಗಿದ್ದು ಸಂಜೆ ನೀರು ಬಿಟ್ಟು ಹೋದಳು. ತವರಿನಲ್ಲಿ ತಂಗಿಯ ಮದುವೆಗೂ ಹೋಗಿ ರಾತ್ರಿ ಉಳಿಯಲಿಲ್ಲ. ಗಂಡ ತಮಾಷೆಗೆ, "ನನ್ನವಳಿಗೆ ಏಳು ಮಕ್ಕಳು ಸಾರ್, ಎಲ್ಲಾ ಹಾಸ್ಟೆಲ್‌ನಲ್ಲಿವೆ" ಎನ್ನುತ್ತಿದ್ದ. ಅವಳು ನಗುತ್ತಿದ್ದಳು. ನಾನು ಬೇರೆ ಕಡೆ ನೋಡುತ್ತಿದ್ದೆ.

ಬುರುಡೆಗಳಲ್ಲಿ ಏನಾಯಿತು ಎಂದರೆ, ಏನೂ ಆಗಲಿಲ್ಲ. ಸರಗಳು ವರ್ಷ ವರ್ಷ ಒಂದೊಂದು ಚೂರು ಉದ್ದವಾದವಂತೆ. ಗಾಜಿನ ಒಳಗೆ ಕಂದು ಬಣ್ಣದ ಕರೆ ಕಟ್ಟಿತು. ತೊಳೆಯುವವಳ ಕಣ್ಣಿಗೆ ಅದು ಮಹಾ ಹಿಂಸೆ. "ಇವರ ಜೀವ ಬರೋ ಹೊತ್ತಿಗೆ ಈ ಕೊಳೆ ನೋಡಿ ನನ್ನ ಜೀವ ಹೋಗುತ್ತೆ ಅಣ್ಣ" ಎನ್ನುತ್ತಿದ್ದಳು. ಮೇಷ್ಟ್ರು ನಿವೃತ್ತರಾದರು. ವಿಭಾಗದವರು ದೊಡ್ಡ ಮನಸ್ಸು ಮಾಡಿ ಬುರುಡೆಗಳಿದ್ದ ಮೂಲೆಯ ಕೋಣೆಯನ್ನು ಅವರಿಗೇ ಬಿಟ್ಟುಕೊಟ್ಟಿದ್ದರು. ಕೆಲಸಕ್ಕೆ ಜೊತೆಯಾಗಿ ಅವರ ಶಿಷ್ಯೆ, ಒಬ್ಬ ಯುವ ಅಧ್ಯಾಪಕಿ, ಇದ್ದರು. ದಪ್ಪ ಕನ್ನಡಕ, ಸಣ್ಣ ದನಿ. ನಾವು ಕನ್ನಡಕದ ಮೇಡಂ ಎನ್ನುತ್ತಿದ್ದೆವು.

ಹೋದ ವರ್ಷ ಮೇಷ್ಟ್ರಿಗೆ ಹೊಟ್ಟೆಯಲ್ಲಿ ಗಡ್ಡೆ ಎಂದು ಗೊತ್ತಾಯಿತು. ಆಪರೇಷನ್ ಆದ ದಿನ ಕನ್ನಡಕದ ಮೇಡಂ ಯಾವುದೋ ಸಮ್ಮೇಳನಕ್ಕೆ ಹೊರಟು ವಿಮಾನದಲ್ಲಿದ್ದರು. ನಾನು ಆಸ್ಪತ್ರೆಯಲ್ಲಿ ರಕ್ತ ಕೊಡಲು ಕೂತಿದ್ದೆ. ಅವತ್ತು ಸಂಜೆ ಏಳನೇ ಬುರುಡೆಯ ಕೊಳವೆ ಕಟ್ಟಿಕೊಂಡಿತಂತೆ. ನಲ್ಲಿ ತಿರುಗಿಸಿದರೆ ನೀರು ಇಳಿಯುತ್ತಿಲ್ಲ. ಇದನ್ನು ನಾನು ಹತ್ತು ತಿಂಗಳು ಕಳೆದ ಮೇಲೆ ಕೇಳಿದ್ದು.

ಹತ್ತು ತಿಂಗಳ ಮೇಲೆ ಏನಾಯಿತು ಎಂದರೆ, ಒಂದು ಬೆಳಿಗ್ಗೆ ಏಳನೇ ಬುರುಡೆಯ ನೀರು ಮಬ್ಬಾಗಿತ್ತು. ಕನ್ನಡಕದ ಮೇಡಂ ಒಂದು ಹನಿ ತೆಗೆದು ಸೂಕ್ಷ್ಮದರ್ಶಕದ ಕೆಳಗಿಟ್ಟರು. ಇಟ್ಟವರು ಕಣ್ಣು ತೆಗೆಯಲೇ ಇಲ್ಲ. ಆಮೇಲೆ ನನ್ನ ತೋಳು ಹಿಡಿದು ಎಳೆದುಕೊಂಡು ಹೋಗಿ ತೋರಿಸಿದರು. ಸಣ್ಣ ಸಣ್ಣ ಕಡ್ಡಿಗಳು, ಒದ್ದಾಡುತ್ತಿದ್ದವು. ನೋಡುತ್ತಿದ್ದ ಹಾಗೇ ಒಂದು ಕಡ್ಡಿ ನಡುವೆ ಸಣ್ಣಗಾಗಿ ಎರಡಾಯಿತು. ನನ್ನ ಮೈ ಝುಂ ಎಂದಿತು, ಸುಳ್ಳು ಯಾಕೆ ಹೇಳಲಿ.

"ಯಾರಿಗೂ ಹೇಳಬೇಡಿ. ಬಹುಶಃ ಹೊರಗಿಂದ ಸೇರಿಕೊಂಡಿರೋದು. ಯಾವ ಜಾತಿ ಅಂತ ಪರೀಕ್ಷೆಗೆ ಕಳಿಸ್ತೀನಿ, ಎಂಟು ದಿನ ಆಗುತ್ತೆ" ಎಂದರು ಮೇಡಂ. ಆದರೆ ಮೇಷ್ಟ್ರಿಗೆ ಹೇಳದೆ ಇರಲು ಆಗುತ್ತದೆಯೇ? ಅವರು ಮನೆಯಲ್ಲಿ ಮಂಚ ಹಿಡಿದಿದ್ದರು. ಡಾಕ್ಟರು ಕೈಚೆಲ್ಲಿ, ಹತ್ತು ದಿನ, ಹೆಚ್ಚೆಂದರೆ ಹದಿನೈದು ಎಂದಿದ್ದರು. ನಾನೂ ಮೇಡಮ್ಮೂ ಹೋಗಿ ಹೇಳಿದೆವು.

ಮೇಷ್ಟ್ರು ಮೊಣಕೈ ಊರಿ ಏಳಲು ನೋಡಿದರು. "ಏಳನೇದಾ? ಕಲ್ಲಿಂದಾ?" ಎಂದರು. ಕಲ್ಲಿನ ಪುಡಿಯಿಂದ ಬಂದಿದೆ ಎಂದರೆ ಇಲ್ಲಷ್ಟೇ ಅಲ್ಲ, ಆಚೆಯೂ, ಎಲ್ಲೆಲ್ಲೂ ಅದು ಬರಬಹುದು ಎಂದಾಗುತ್ತದೆ. ಅವರ ಹತ್ತೊಂಬತ್ತು ವರ್ಷವೂ ಸಾರ್ಥಕ.

ಮೇಡಂ ಮೆಲ್ಲಗೆ, "ಸಾರ್, ಹತ್ತೊಂಬತ್ತು ವರ್ಷಕ್ಕೆ ಪೂರ್ತಿ ಜೀವಕೋಶ ಬರೋದು ಅಂದ್ರೆ..." ಎಂದರು.

"ಗೊತ್ತಮ್ಮಾ. ನನ್ನ ಶಿಷ್ಯರು ಯಾರಾದ್ರೂ ಇದನ್ನ ತಂದಿದ್ರೆ ಆಚೆಗೆ ಅಟ್ತಿದ್ದೆ" ಎಂದು ಮೇಷ್ಟ್ರು ಕಣ್ಣು ಮುಚ್ಚಿದರು. "ಜೀವಮಾನ ಎಲ್ಲಾ ಅನುಮಾನ ಪಟ್ಟಿದ್ದೀನಿ. ಫಲಿತಾಂಶ ಬರೋವರೆಗೆ, ಎಂಟು ದಿನ, ಅನುಮಾನ ಪಡದೆ ಇರೋಕೆ ಬಿಡಿ ನನ್ನ."

ಎಂಟು ದಿನ. ಅವರು ಕೇಳಿದ್ದು ಅಷ್ಟೇ. ಅದರೊಳಗೆ ಅವರು ಹೋಗಿಬಿಡಲಿ ಎಂದು ನಾನು ಬಾಯಿ ಬಿಟ್ಟು ಹೇಳದಿದ್ದರೂ ಮನಸ್ಸಿನಲ್ಲಿ ಬೇಡಿಕೊಂಡೆ. ಪಾಪವೋ ಪುಣ್ಯವೋ ನನಗೆ ತಿಳಿಯದು.

ಮಾರನೆಯ ದಿನ ಮಧ್ಯಾಹ್ನ ಗಾಜಕ್ಕ ಸ್ಟೋರಿಗೆ ಬಂದಳು. ಕೈ ಒದ್ದೆ ಇತ್ತು, ಒರೆಸಿಕೊಂಡಿರಲಿಲ್ಲ. ಯಾವತ್ತೂ ಹಾಗೆ ಬಂದವಳಲ್ಲ.

"ಅಣ್ಣ, ಮೇಡಂ ಎಲ್ಲರನ್ನೂ ಕೇಳ್ತಿದ್ದಾರೆ, ಮುಚ್ಚಳ ಯಾರಾದ್ರೂ ತೆಗೆದಿದ್ರಾ ಅಂತ."

"ನೀನು ಏನಂದೆ?"

"ಅವರು ನನ್ನ ಕೇಳಲೇ ಇಲ್ಲ. 'ನಿಮ್ಮನ್ನ ಕೇಳೋ ಅಗತ್ಯ ಇಲ್ಲ ಬಿಡಿ' ಅಂದ್ರು."

ಕುರ್ಚಿ ಎಳೆದು ಕೂರಿಸಿದೆ. ಆಗ ಹೇಳಿದಳು. ಆಪರೇಷನ್ ದಿನ ಸಂಜೆ ಕೊಳವೆ ಕಟ್ಟಿತು. ಮೇಷ್ಟ್ರ ಫೋನು ಸಿಗಲಿಲ್ಲ, ಮೇಡಂದು ಸಿಗಲಿಲ್ಲ, ನನ್ನದೂ ಸಿಗಲಿಲ್ಲ. ಆರು ಬುರುಡೆಗೆ ನೀರು ಬಂತು, ಏಳನೆಯದು ಒಣಗಿ ಕೂತಿದೆ. ಒಂದೇ ಒಂದು ಸಂಜೆಯೂ ತಪ್ಪದೆ ನಡೆದದ್ದು, ಅದೂ ಮೇಷ್ಟ್ರು ಕತ್ತರಿಯ ಕೆಳಗೆ ಮಲಗಿದ ದಿನವೇ ತಪ್ಪುತ್ತದೆ. ಅವಳಿಗೆ ದಿಕ್ಕು ತೋಚಲಿಲ್ಲ. ಕೈ ತಾನಾಗಿ ಹೋಯಿತು. ಮುಚ್ಚಳ ತೆಗೆದಳು, ಬಾಯಿಟ್ಟಳು, ಎರಡು ಸಲ ಊದಿದಳು. ಕಸ ಹಾರಿತು, ನೀರು ಇಳಿಯಿತು. ಮುಚ್ಚಳ ಹಾಕಿ ದೇವರಿಗೆ ಕೈ ಮುಗಿದಳು.

"ಪುಸ್ತಕದಲ್ಲಿ ಬರೆದ್ಯಾ?"

"ಊದೋದನ್ನೆಲ್ಲ ಯಾರು ಬರೀತಾರೆ ಅಣ್ಣ. ದಿನಕ್ಕೆ ಹತ್ತು ಸಲ ಊದ್ತೀನಿ." ಸೆರಗಿಗೆ ಕೈ ಒರೆಸಿಕೊಂಡಳು. "ಅದು ನಂದೇನಾ? ಒಳಗೆ ಓಡಾಡ್ತಿರೋದು, ನನ್ನ ಬಾಯಿಂದ ಹೋಗಿದ್ದೇನಾ?"

ಮತ್ತೆ ಯಾರದು? ನನಗೆ ಸಿಟ್ಟು ನೆತ್ತಿಗೇರಿತು. ಯಾರ ಮೇಲೆ ಎಂದು ಕೇಳಿದರೆ ಹೇಳಲಾರೆ. ಅವಳ ಮೇಲೆ ಸಿಟ್ಟು ಮಾಡಿಕೊಳ್ಳಲು ಏನಿದೆ? ಉಳಿಸಲು ಹೋದವಳು ಅವಳು. ಹಾಳಾದ ಕೊಳವೆ ಮುನ್ನೂರ ಅರವತ್ತೈದು ದಿನದಲ್ಲಿ ಅವತ್ತೇ ಕಟ್ಟಬೇಕಿತ್ತೇ?

"ನೋಡು ಗಾಜಕ್ಕ, ಬಾಯಿ ಮುಚ್ಕೊಂಡಿರು. ಏಳು ದಿನ. ಆಮೇಲೆ ಫಲಿತಾಂಶ ಬರುತ್ತೆ, ಅದೇ ಹೇಳುತ್ತೆ. ಅಷ್ಟರೊಳಗೆ ಅವರು..." ಮುಂದಿನ ಮಾತು ನುಂಗಿದೆ. "ಅವರು ನೆಮ್ಮದಿಯಾಗಿರಲಿ. ನೀನು ಸುಳ್ಳು ಹೇಳಬೇಕಾಗಿಲ್ಲ. ಸುಮ್ಮನಿದ್ರೆ ಸಾಕು."

"ಸುಮ್ಮನಿರ್ತೀನಿ" ಎಂದಳು. ನನ್ನ ಕೈ ಮುಟ್ಟಿ ಹೇಳಿದಳು.

ಐದು ದಿನ ಸುಮ್ಮನಿದ್ದಳು. ಆ ಐದು ದಿನ ಅವಳ ಪಾಡು ನೋಡಲಾಗುತ್ತಿರಲಿಲ್ಲ. ಊಟದ ಡಬ್ಬಿ ತೆರೆಯುವುದು, ಮುಚ್ಚುವುದು. ತೊಳೆದ ಗಾಜನ್ನೇ ಮತ್ತೆ ತೊಳೆಯುವುದು. ಏಳನೇ ಬುರುಡೆಯ ಮುಂದೆ ನಿಂತುಬಿಡುವುದು. ಒಂದು ಸಲ ನಾನು ಹಿಂದಿನಿಂದ ಹೋದದ್ದು ಅವಳಿಗೆ ಗೊತ್ತಾಗಲಿಲ್ಲ. ಮಬ್ಬು ನೀರನ್ನು ನೋಡುತ್ತಾ, "ನೀವಾದ್ರೂ ನಿಂತ್ರಲ್ಲ" ಎನ್ನುತ್ತಿದ್ದಳು. ನಾನು ಬಂದ ಕಾಲಿನಲ್ಲೇ ಹಿಂದಿರುಗಿದೆ.

ಆರನೇ ದಿನ ಮೇಷ್ಟ್ರೇ ಅವಳನ್ನು ಕರೆಸಿಕೊಂಡರು. ನಾನೂ ಜೊತೆಗೆ ಹೋದೆ, ಕಾವಲಿಗೆ ಎಂದೇ ಇಟ್ಟುಕೊಳ್ಳಿ. ಮೇಷ್ಟ್ರು ಮೂಳೆ ಚಕ್ಕಳವಾಗಿದ್ದರು, ಆದರೆ ಮುಖದಲ್ಲಿ ಅಂಥ ಕಳೆ ನಾನು ಯಾವತ್ತೂ ಕಂಡಿರಲಿಲ್ಲ. ಅವರ ಹೆಂಡತಿ, ಅಮ್ಮಾವ್ರು, ಬಾಗಿಲಲ್ಲಿ ನನ್ನ ಕಿವಿಯಲ್ಲಿ, "ಐದು ದಿನದಿಂದ ನೋವಿನ ಮಾತ್ರೆ ಕೇಳಿಲ್ಲ" ಎಂದರು.

ಮೇಷ್ಟ್ರು ಗಾಜಕ್ಕನನ್ನು ಮಂಚದ ಪಕ್ಕದ ಸ್ಟೂಲಿನ ಮೇಲೆ ಕೂರಿಸಿ ಅವಳ ಕೈ ಹಿಡಿದುಕೊಂಡರು. ಮೂವತ್ತು ವರ್ಷದಲ್ಲಿ ಅದೇ ಮೊದಲು. ಸೋಪಿನ ನೀರಿಗೆ ಬೆಂದು ಬಿರುಕು ಬಿಟ್ಟ ಕೈ ಅದು.

"ನಾನು ಬರೀ ಯೋಚನೆ ಮಾಡಿದವನು. ದಿನಾ ನೀರು ಕುಡಿಸಿ ಬೆಚ್ಚಗಿಟ್ಟವಳು ನೀನು. ಅದಕ್ಕೆ ತಾಯಿ ಅಂತ ಯಾರಾದ್ರೂ ಇದ್ರೆ ನೀನೇ ಕಣಮ್ಮಾ" ಎಂದರು.

ಗಾಜಕ್ಕ ನನ್ನ ಕಡೆ ನೋಡಿದಳು. ನಾನು ತಲೆ ಅಲ್ಲಾಡಿಸಿದೆ, ಬೇಡ, ಬೇಡ ಎಂದು.

"ನೀನು ಹತ್ತೊಂಬತ್ತು ವರ್ಷ ಕಣ್ಣಲ್ಲಿ ಕಣ್ಣಿಟ್ಟು ನೋಡಿದವಳು. ಬೇರೆ ಯಾರ ಮಾತೂ ನನಗೆ ಬೇಡ. ನೀನು ಹೇಳು, ಅದು ಒಳಗಿಂದಾನೇ ಬಂದಿದ್ದು ತಾನೇ?"

ಹೂಂ ಎಂದಿದ್ದರೆ ಮುಗಿದಿತ್ತು. ಒಂದೇ ಒಂದು ಅಕ್ಷರ. ಅವಳು ಜೋರಾಗಿ ಅತ್ತುಬಿಟ್ಟಳು. ಅಳುತ್ತಲೇ ಎಲ್ಲವನ್ನೂ ಹೇಳಿದಳು.

ಮೇಷ್ಟ್ರು ಅವಳ ಕೈ ಬಿಡಲಿಲ್ಲ, ಮರೆತಿದ್ದರು ಎಂದು ಕಾಣುತ್ತದೆ. "ಬಾಯಿಂದಾನಾ?" ಎಂದರು.

"ಹೂಂ ಸಾರ್."

"ಎಷ್ಟು ಸಲ?"

"ಎರಡು ಸಲ."

"ಪುಸ್ತಕದಲ್ಲಿ ಬರೀಬೇಕಿತ್ತು" ಎಂದರು. ಸಿಟ್ಟಿರಲಿಲ್ಲ, ಪಾಠ ಹೇಳುವ ದನಿ. ಆಮೇಲೆ ಕೈ ಬಿಟ್ಟು ಗೋಡೆಯ ಕಡೆ ಹೊರಳಿದರು. ನಾವು ಅರ್ಧ ಗಂಟೆ ನಿಂತಿದ್ದೆವು, ಅವರು ಈ ಕಡೆ ತಿರುಗಲಿಲ್ಲ. ಕೊನೆಗೆ ಅಮ್ಮಾವ್ರು ಬಂದು, "ಹೊರಡಿ, ಮಾತ್ರೆ ಕೊಡಬೇಕು" ಎಂದರು.

ಬೀದಿಗೆ ಬಂದ ಮೇಲೆ ನಾನು ಬಾಯಿಗೆ ಬಂದ ಹಾಗೆ ಬೈದೆ. ಹೋಗುವವರು ಬರುವವರು ನಿಂತು ನೋಡುವಷ್ಟು. "ಇನ್ನೆರಡು ದಿನ ತಡೆಯೋಕೆ ಆಗಲಿಲ್ವಾ ನಿನಗೆ? ನಿನ್ನ ಸತ್ಯ ಕಟ್ಟಿಕೊಂಡು ಯಾರಿಗೇನಾಗಬೇಕಿತ್ತು? ಸಾಯೋ ಮನುಷ್ಯ ಕೇಳಿದ್ದು ಎಂಟು ದಿನ!"

"ಕೈ ಹಿಡ್ಕೊಂಡಿದ್ರು ಅಣ್ಣ" ಎಂದಳು. "ಕೈ ಹಿಡ್ಕೊಂಡು ಕೇಳಿದ್ರೆ ನಾನೇನು ಮಾಡ್ಲಿ?"

ಅವಳನ್ನು ಬಸ್ಸು ಹತ್ತಿಸಿ ನಾನು ನಡೆದೇ ಮನೆಗೆ ಹೋದೆ.

ಫಲಿತಾಂಶ ಬಂತು. ಮನುಷ್ಯರ ಬಾಯಲ್ಲಿ, ಗಂಟಲಲ್ಲಿ ಇರುವ ಮಾಮೂಲಿ ಜಾತಿ. ಒಣಗಿದರೆ ಚಿಪ್ಪು ಕಟ್ಟಿಕೊಂಡು ಕಾಯುತ್ತದೆ, ನೀರು ಸಿಕ್ಕಿದಾಗ ಏಳುತ್ತದೆ. ವಿಭಾಗದ ಮುಖ್ಯಸ್ಥರು ಕೆಟ್ಟವರಲ್ಲ, ಆದರೆ ಎರಡು ವರ್ಷದಿಂದ ಒಂದು ಹೊಸ ಯಂತ್ರಕ್ಕೆ ಜಾಗ ಹುಡುಕುತ್ತಿದ್ದರು. ಅವತ್ತೇ ಮಧ್ಯಾಹ್ನ ಬಂದು ಬಿಸಿ ತಟ್ಟೆಗಳ ಸ್ವಿಚ್ಚು ಆರಿಸಿದರು. ಸೋಂಕು ತಗಲಿದ ಏಳನೆಯದನ್ನು ಕೂಡಲೇ ಹಬೆಯಲ್ಲಿ ಬೇಯಿಸಿ ತೊಳೆಯಬೇಕು, ಉಳಿದ ಆರನ್ನು ಸೋಮವಾರ ಇಳಿಸಬೇಕು, ಕೋಣೆಯ ಬೀಗದ ಕೈ ಸ್ಟೋರಿನಲ್ಲಿರಬೇಕು ಎಂದು ಆದೇಶ. ಕನ್ನಡಕದ ಮೇಡಂ ವಾದ ಮಾಡಿದರು, ಆರಕ್ಕೆ ಏನೂ ಆಗಿಲ್ಲ ಎಂದರು. ಒಂದರ ಮುಚ್ಚಳ ತೆಗೆದವರು ಉಳಿದದ್ದನ್ನು ತೆಗೆದಿಲ್ಲ ಎಂದು ಯಾರು ನಂಬುತ್ತಾರೆ ಎಂದು ಮುಖ್ಯಸ್ಥರು ಕೇಳಿದರು. ಗಾಜಕ್ಕ ಅಲ್ಲೇ ನಿಂತಿದ್ದಳು.

ಏಳನೆಯದನ್ನು ಅವಳೇ ತೆಗೆದುಕೊಂಡು ಹೋದಳು. ನಾನು ಬೇರೆಯವರಿಗೆ ಹೇಳುತ್ತೇನೆ ಎಂದೆ, ಬೇಡ ಎಂದಳು. ಒತ್ತಡದ ಹಬೆಯ ಪಾತ್ರೆಯೊಳಗೆ ಇಟ್ಟು, ಮುಚ್ಚಳ ತಿರುಗಿಸಿ, ಇಪ್ಪತ್ತು ನಿಮಿಷ ಅದರ ಮುಂದೆ ಕೈ ಕಟ್ಟಿಕೊಂಡು ನಿಂತಳು. ಆಮೇಲೆ ತೊಳೆದಳು. ಸೋಪು, ಮೂರು ನೀರು, ಮತ್ತೆ ಮೂರು ನೀರು. ಬೋರಲು ಹಾಕಿ ನೋಡಿದಳು. ನೀರು ಒಂದೇ ಹಾಳೆಯಾಗಿ ಇಳಿಯಿತು. "ನಾಲ್ಕನೇದು ಇದು" ಎಂದಳು. ನನಗೆ ಅರ್ಥವಾಗಲು ಒಂದು ಗಳಿಗೆ ಬೇಕಾಯಿತು, ಅರ್ಥವಾದ ಮೇಲೆ ಅಲ್ಲಿ ನಿಲ್ಲಲಾಗಲಿಲ್ಲ.

ಅತ್ತ ಮನೆಯಲ್ಲಿ ಮೇಷ್ಟ್ರು ಮಾತು ಬಿಟ್ಟಿದ್ದರು. ಅಮ್ಮಾವ್ರ ಜೊತೆಗೂ ಮಾತಿಲ್ಲ, ಗೋಡೆಯ ಕಡೆಯೇ ಮುಖ. ಸ್ವಿಚ್ಚು ಆರಿದ ಮೂರನೇ ದಿನ, ಐದು ಗಂಟೆ ಹೊಡೆದು ಹತ್ತು ನಿಮಿಷವಾಗಿತ್ತು, ಸ್ಟೋರಿನ ಫೋನು ಬಡಿದುಕೊಂಡಿತು. ಅಮ್ಮಾವ್ರು.

"ಈಗ ಬಾಯಿ ಬಿಟ್ರು. ಏನೋ ಕೇಳ್ತಿದ್ದಾರೆ. ಆರು ಬುರುಡೆಗೆ ನೀರು ಬಿಡ್ತಿದ್ದಾಳಾ ಕೇಳು ಅಂತಾರೆ. ಅದನ್ನೇ ಮತ್ತೆ ಮತ್ತೆ ಅಂತಿದ್ದಾರೆ."

ಗಾಜಕ್ಕ ಕೌಂಟರಿನ ಆಚೆ ತೊಳೆದ ಪಿಪೆಟ್ಟುಗಳನ್ನು ಒಪ್ಪಿಸಲು ಬಂದು ನಿಂತಿದ್ದಳು. ಫೋನಿನ ದನಿ ಅವಳಿಗೂ ಕೇಳಿಸುತ್ತಿತ್ತು. ಬೀಗದ ಕೈ ನನ್ನ ತಲೆಯ ಹಿಂದೆ ಮೊಳೆಗೆ ತೂಗುಬಿದ್ದಿತ್ತು. ಏನು ಹೇಳಲಿ ನಾನು?

"ಬಿಡ್ತಿದ್ದಾಳೆ ಅಮ್ಮಾ. ಒಂದು ದಿನಾನೂ ತಪ್ಪಿಸಿಲ್ಲ ಅಂತ ಹೇಳಿ ಅವರಿಗೆ" ಎಂದೆ. ಅಮ್ಮಾವ್ರು ಅದನ್ನು ಗಟ್ಟಿಯಾಗಿ ಹೇಳಿದ್ದು ಫೋನಿನಲ್ಲೇ ಕೇಳಿಸಿತು. ಆಮೇಲೆ ಫೋನಿಟ್ಟರು.

ಗಾಜಕ್ಕ ನನ್ನ ಮುಖವನ್ನೇ ನೋಡಿದಳು. ಬೈಯುತ್ತಾಳೆ ಎಂದುಕೊಂಡೆ. ಅವಳು ಪಿಪೆಟ್ಟುಗಳ ತಟ್ಟೆ ಕೆಳಗಿಟ್ಟು ಕೈ ಚಾಚಿದಳು.

"ಕೀ ಕೊಡಿ ಅಣ್ಣ."

"ಬಿಸಿ ಇಲ್ಲ, ಏನಿಲ್ಲ. ಸೋಮವಾರ ಇಳಿಸ್ತಾರೆ. ಈಗ ನೀರು ಬಿಟ್ಟು ಏನು ಬಂತು?"

"ಬಿಡ್ತಿದ್ದಾಳೆ ಅಂದ್ರಲ್ಲ ನೀವು."

ಕೊಟ್ಟೆ. ಜೊತೆಗೆ ನಾನೂ ಹೋದೆ. ಕೋಣೆ ತಣ್ಣಗಿತ್ತು. ಅವತ್ತು ಮುಖ್ಯಸ್ಥರು ಮಧ್ಯಾಹ್ನವೇ ಸ್ವಿಚ್ಚು ಆರಿಸಿದ್ದರಿಂದ ಅರ್ಧ ನೀರು ಪಕ್ಕದ ಪುಟ್ಟ ಬುರುಡೆಗಳಲ್ಲಿ ಹಾಗೇ ನಿಂತಿತ್ತು. ಸರಿಯಾಗಿ ಐದೂವರೆಗೆ ಅವಳು ಒಂದನೆಯದರಿಂದ ಶುರು ಮಾಡಿದಳು. ನಲ್ಲಿ ತಿರುಗಿಸಿ, ಕೊನೆಯ ಹನಿ ಇಳಿಯುವವರೆಗೆ ಕಾದು, ನಲ್ಲಿ ಮುಚ್ಚಿ, ಮುಂದಿನದಕ್ಕೆ ಹೋದಳು. ಆರನೆಯದಾದ ಮೇಲೆ ಅಭ್ಯಾಸಬಲದಿಂದ ಒಂದು ಹೆಜ್ಜೆ ಮುಂದೆ ಹೋಗಿ, ಖಾಲಿ ಜಾಗದ ಮುಂದೆ ನಿಂತು, ಹಿಂದಕ್ಕೆ ಬಂದಳು.

"ಬರೀರಿ" ಎಂದು ಪುಸ್ತಕ ನನ್ನ ಮುಂದೆ ಇಟ್ಟಳು. "ನಾನು ಸಹಿ ಹಾಕ್ತೀನಿ. ಬಿಸಿ ಇರಲಿಲ್ಲ ಅನ್ನೋದೂ ಬರೀರಿ. ನಾನು ಊದಿದ್ದೂ ಬರೀರಿ."

ತಾರೀಖು ಹಾಕಿದೆ. ಸಂಜೆ ಐದೂವರೆ, ಆರು ಬುರುಡೆ, ನೀರು ಬಿಡಲಾಯಿತು, ಬಿಸಿ ಇಲ್ಲ. ಅದರ ಕೆಳಗೆ ಆಪರೇಷನ್ ದಿನದ ತಾರೀಖು ಕೇಳಿ, ಏಳನೆಯದಕ್ಕೆ ಎರಡು ಸಲ ಊದಲಾಯಿತು ಎಂದು ಬರೆದೆ. ಅವಳು ಎರಡಕ್ಕೂ ಸಹಿ ಹಾಕಿದಳು.

ಮಾರನೆಯ ಬೆಳಿಗ್ಗೆ ಮೇಷ್ಟ್ರ ಮನೆಯಲ್ಲಿ ಜನ ಸೇರಿದ್ದರು. ಅಮ್ಮಾವ್ರು ನನ್ನನ್ನು ಪಕ್ಕಕ್ಕೆ ಕರೆದು ಹೇಳಿದರು. ನನ್ನ ಮಾತು ಕೇಳಿ ಹೂಂ ಎಂದರಂತೆ, ಈ ಕಡೆ ಹೊರಳಿದರಂತೆ. ಐದು ಇಪ್ಪತ್ತಕ್ಕೆ ಉಸಿರು ನಿಂತಿತಂತೆ.

ನಾನು ಹೊರಗೆ ಬಂದೆ. ಗಾಜಕ್ಕ ಗೇಟಿನ ಹತ್ತಿರ ಗಂಡನ ಪಕ್ಕ ನಿಂತಿದ್ದಳು, ಒಳಗೆ ಬರಲು ಅವಳಿಗೆ ಧೈರ್ಯ ಸಾಲಲಿಲ್ಲ.

"ಅಣ್ಣ, ನಾನು ನೀರು ಬಿಡೋ ಹೊತ್ತಲ್ಲಿ ಇದ್ರಂತಾ?" ಎಂದು ಕೇಳಿದಳು.

"ಇದ್ರಂತೆ" ಎಂದೆ.

ಸೋಮವಾರ ಆರು ಬುರುಡೆಗಳನ್ನೂ ಅವಳೇ ಇಳಿಸಿ ತೊಳೆದಳು. ಹತ್ತೊಂಬತ್ತು ವರ್ಷದ ಕರೆ, ಬಿಡಲು ಎರಡು ದಿನ ಹಿಡಿಯಿತು.